ಬೆಳಕಿನ ಉಳಿ

ಮದುವೆ ಮುಂಜಿಗಳಲ್ಲಿ ಉಡುಗೊರೆಯಾಗಿ ಕೊಡುವ ಸ್ಟೀಲು ಪಾತ್ರೆಗಳ ಮೇಲೆ ಕೊಟ್ಟವರ ಹೆಸರನ್ನು ಬರೆಯಿಸುವ ವಾಡಿಕೆ ನಮ್ಮ ನಾಡಿನಲ್ಲೆಲ್ಲ ಇರುವುದಷ್ಟೆ. ಬೆಳಗಾವಿ ಜಿಲ್ಲೆಯ ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ—ಈ ನಾಲ್ಕು ಊರುಗಳ ಯಾವ ಅಡಿಗೆಮನೆಯನ್ನು ಹೊಕ್ಕು ನೋಡಿದರೂ, ತಾಟು ತಂಬಿಗೆಗಳ ಅಂಚಿನಲ್ಲಿ ಯಾರೋ ಸೋದರಮಾವನ ಹೆಸರೂ ಅದರ ಕೆಳಗೊಂದು ತಾರೀಖೂ ಚುಕ್ಕೆಚುಕ್ಕೆಯಾಗಿ ಮೂಡಿರುವುದನ್ನು ಕಾಣಬಹುದು. ಅಂಗಡಿಯವನ ಕೈಯಲ್ಲಿ ಗುಂಯ್‌ಗುಡುವ ವಿದ್ಯುತ್ ಲೇಖನಿಯ ಗಟ್ಟಿಮೊನೆಯು ಕ್ಷಣಕ್ಕೆ ಅನೇಕ ಸಲ ಮೇಲಕ್ಕೂ ಕೆಳಕ್ಕೂ ಕುಣಿದು, ಲೋಹವನ್ನು ಕುಟ್ಟಿ ಕುಟ್ಟಿ ಆ ಚುಕ್ಕೆಗಳನ್ನು ಮಾಡುತ್ತದೆ.

ಇದೇ ಕೆಲಸಕ್ಕೆ ಈಗ ಬೇರೊಂದು ಲೇಖನಿ ಬಂದಿದೆ. ಅದಕ್ಕೆ ಮೊನೆಯಿಲ್ಲ, ಮಸಿಯಿಲ್ಲ. ಬರೆಯುವ ವಸ್ತುವನ್ನು ಅದು ಮುಟ್ಟುವುದೂ ಇಲ್ಲ. ಲೇಸರ್ ಎಂಬ ಬೆಳಕಿನ ಕಿರಣವೇ ಅಲ್ಲಿ ಉಳಿಯೂ ಹೌದು, ಕೈಯೂ ಹೌದು. ನಾವು ದಿನವೂ ಬಳಸುವ ಎಷ್ಟೋ ವಸ್ತುಗಳ ಮೇಲೆ ಈ ಕಿರಣದ ಕೈಬರಹವಿದೆ. ಮೊಬೈಲಿನ ಚಾರ್ಜರಿನ ಮೇಲಿನ ಸಣ್ಣ ಅಕ್ಷರಗಳು, ಬೇರಿಂಗಿನ ಅಂಚಿನ ಸಂಖ್ಯೆ, ಶೀಸೆಯ ಮುಚ್ಚಳದ ಮೇಲಿನ ತಾರೀಖು, ಇವುಗಳನ್ನು ಹೀಗೆ ಬರೆದಿರುವುದು ಈಗ ಸಾಮಾನ್ಯ. ನಮ್ಮ ಹೆಣ್ಣುಮಕ್ಕಳ ಕೈಬಳೆಯ ಒಳಮೈಯಲ್ಲಿಯೂ ಅದು ಇದ್ದೀತು. ಆ ವಿಷಯಕ್ಕೆ ಮುಂದೆ ಬರುತ್ತೇವೆ.

ವಸ್ತುವಿನ ಮೇಲೆ ಗುರುತು ಹಾಕುವ ಹವ್ಯಾಸ ಮನುಷ್ಯನಿಗೆ ಬಹು ಹಳೆಯದು. ರಟ್ಟರ ಕಾಲದಲ್ಲಿ ಸುಗಂಧವರ್ತಿಯೆನಿಸಿದ್ದ ಸವದತ್ತಿಯ ಶಿಲಾಶಾಸನಗಳಲ್ಲಿ ಅಕ್ಷರವೆಂದರೆ ಕಲ್ಲಿನಿಂದ ತೆಗೆದುಹಾಕಿದ ಭಾಗ. ಸೇರಿಸಿದ್ದು ಅಳಿಸಿಹೋದೀತು, ತೆಗೆದದ್ದು ಅಳಿಸದು ಎಂಬುದು ಶಾಸನ ಕೊರೆದ ಕಲ್ಲುಕುಟಿಗನಿಗೆ ತಿಳಿದಿತ್ತು. ಲೋಹದ ಕೆಲಸದಲ್ಲಾದರೋ ಮುದ್ರೆಯುಳಿ, ಎಂದರೆ ಪಂಚು, ಬಳಕೆಗೆ ಬಂತು. ಒಂದೇ ಏಟಿಗೆ ಇಡೀ ಮುದ್ರೆ ಮೂಡುತ್ತದೆ. ಆದರೆ ಪ್ರತಿ ಏಟಿಗೂ ಅದೇ ಮುದ್ರೆ. ಸಾವಿರ ವಸ್ತುಗಳಿಗೆ ಸಾವಿರ ಬೇರೆ ಬೇರೆ ಸಂಖ್ಯೆಗಳು ಬೇಕೆಂದರೆ ಪ್ರತಿ ಸಲವೂ ಅಂಕಿಗಳನ್ನು ಬದಲಾಯಿಸಬೇಕು. ಅದೂ ಅಲ್ಲದೆ ತೆಳುವಾದ ತಗಡಿನ ಮೇಲೆ ಏಟು ಬಿದ್ದರೆ ತಗಡೇ ತಗ್ಗಾಗುತ್ತದೆ. ಪ್ರತಿಯೊಂದು ವಸ್ತುವಿಗೂ ಅದರದೇ ಆದ ಹೆಸರನ್ನು, ಹೊಡೆಯದೆ ಮುಟ್ಟದೆ ಬರೆಯಬಲ್ಲದ್ದರಿಂದಲೇ ಲೇಸರ್ ಇಷ್ಟೊಂದು ಹಬ್ಬಿತೆಂದು ನಾವು ತಿಳಿಯುತ್ತೇವೆ. ಅದರ ವೇಗ ಅಗ್ಗತನಗಳು ಆಮೇಲೆ ಬಂದವು.

ಲೇಸರ್ ಬೆಳಕಿಗೂ ದೀಪದ ಬೆಳಕಿಗೂ ಏನು ಭೇದ? ದೀಪದಲ್ಲಿ ಕೋಟ್ಯಂತರ ಪರಮಾಣುಗಳು ತಮತಮಗೆ ತೋಚಿದಾಗ, ತೋಚಿದ ದಿಕ್ಕಿಗೆ ಬೆಳಕನ್ನು ಚೆಲ್ಲುತ್ತವೆ, ಸಂತೆಯ ಗದ್ದಲದಂತೆ. ಆದರೆ ಶಕ್ತಿಯನ್ನು ಹೀರಿ ಉಬ್ಬಿನಿಂತ ಪರಮಾಣುವಿನ ಬಳಿ ತಕ್ಕ ಬೆಳಕಿನ ಕಣವೊಂದು ಹಾದುಹೋದರೆ, ಆ ಪರಮಾಣು ಅದರಂತೆಯೇ ಇರುವ ಇನ್ನೊಂದು ಕಣವನ್ನು ಅದೇ ದಿಕ್ಕಿಗೆ, ಅದೇ ಹೆಜ್ಜೆಗೆ ಕಳುಹಿಸೀತೆಂದು 1917ರಲ್ಲಿ ಐನ್‌ಸ್ಟೈನ್ ತೋರಿಸಿದ್ದರು. ಒಂದು ಎರಡಾಗಿ, ಎರಡು ನಾಲ್ಕಾಗಿ ಬೆಳೆಯುವ ಈ ಬೆಳಕನ್ನು ಎರಡು ಕನ್ನಡಿಗಳ ನಡುವೆ ಹಿಂದಕ್ಕೂ ಮುಂದಕ್ಕೂ ಓಡಾಡಿಸಿ, ಒಂದು ಕನ್ನಡಿಯ ಮೂಲಕ ಸ್ವಲ್ಪ ಸ್ವಲ್ಪವಾಗಿ ಹೊರಬಿಟ್ಟರೆ ಅದೇ ಲೇಸರ್. ಮಾಣಿಕ್ಯದ ಹರಳಿನಿಂದ ಇದನ್ನು ಮೊದಲು ಸಾಧಿಸಿದವರು ಅಮೆರಿಕದ ಥಿಯೊಡೋರ್ ಮೈಮನ್, 1960ರ ಮೇ ತಿಂಗಳಲ್ಲಿ. ಕಾರ್ಖಾನೆಗಳಿಗೆ ಬಹು ಉಪಯುಕ್ತವಾದ ಇಂಗಾಲದ ಡೈಆಕ್ಸೈಡ್ ಲೇಸರನ್ನು 1964ರಲ್ಲಿ ಬೆಲ್ ಪ್ರಯೋಗಾಲಯದಲ್ಲಿ ರಚಿಸಿದ ಕುಮಾರ್ ಪಟೇಲರು ಹುಟ್ಟಿದ್ದು ಮಹಾರಾಷ್ಟ್ರದ ಬಾರಾಮತಿಯಲ್ಲಿ, ಎಂಜಿನಿಯರಿಂಗ್ ಓದಿದ್ದು ಪುಣೆಯಲ್ಲಿ. ಬೆಳಗಾವಿಯವರಿಗೆ ಇವು ನೆರೆಯ ಊರುಗಳೇ.

ಹೀಗೆ ಒಂದೇ ದಿಕ್ಕಿಗೆ ಸಾಗುವ ಕಿರಣವನ್ನು ಮಸೂರದಿಂದ ಅತಿ ಸಣ್ಣ ಚುಕ್ಕೆಯಾಗಿ ಕೂಡಿಸಬಹುದು. ಗುರುತು ಹಾಕುವ ಯಂತ್ರದಲ್ಲಿ ಆ ಚುಕ್ಕೆಯ ಅಡ್ಡಳತೆ ಸುಮಾರು 50 ಮೈಕ್ರಾನ್. ಒಂದು ಕೂದಲಿಗಿಂತ ಕಡಿಮೆ. ಯಂತ್ರದ ಸರಾಸರಿ ಸಾಮರ್ಥ್ಯ 20 ವಾಟ್ ಎಂದಿಟ್ಟುಕೊಳ್ಳೋಣ. ಇದೇನು ಮಹಾ, ಮನೆಯ ದೀಪಕ್ಕೂ ಇಷ್ಟು ಬೇಕಲ್ಲ ಎನ್ನಿಸೀತು. ಗುಟ್ಟು ಇರುವುದು ಬೆಳಕನ್ನು ಎಡೆಬಿಡದೆ ಹರಿಸದೆ ಮಿಡಿತಗಳಾಗಿ ಒಡೆಯುವುದರಲ್ಲಿ. ಸೆಕೆಂಡಿಗೆ 20,000 ಮಿಡಿತಗಳು. ಒಂದೊಂದೂ ಸೆಕೆಂಡಿನ ಕೋಟಿಯಲ್ಲೊಂದು ಭಾಗದಷ್ಟು ಮಾತ್ರ ಇರುತ್ತದೆ. ಲೆಕ್ಕ ಹಾಕಿದರೆ ಪ್ರತಿ ಮಿಡಿತದ ಆ ಗಳಿಗೆಯ ಸಾಮರ್ಥ್ಯ 10,000 ವಾಟ್ ಆಗುವುದು. ನಮ್ಮ ಹೊಲಗಳ ಐದು ಅಶ್ವಶಕ್ತಿಯ ಪಂಪುಸೆಟ್ಟಿನ ಎರಡೂವರೆ ಪಟ್ಟಿಗೂ ಮೇಲಾದ ಈ ಬಲವೆಲ್ಲ ಕೂದಲಿಗಿಂತ ಸಣ್ಣ ಚುಕ್ಕೆಯ ಮೇಲೆ ಬೀಳುತ್ತದೆ. ಅಲ್ಲಿನ ಲೋಹ ಕರಗಿ ಆವಿಯಾಗುವುದರೊಳಗೆ ಮಿಡಿತ ಮುಗಿದಿರುತ್ತದೆ; ಕಾವು ಅಕ್ಕಪಕ್ಕಕ್ಕೆ ಹರಡಲು ವೇಳೆಯೇ ಇಲ್ಲ. ಕಿರಣವನ್ನು ಓಡಿಸುವುದಕ್ಕೆ ಎರಡು ಪುಟ್ಟ ಕನ್ನಡಿಗಳಿವೆ. ಒಂದು ಎಡಬಲಕ್ಕೆ, ಒಂದು ಮೇಲೆ ಕೆಳಕ್ಕೆ. ಕಂಪ್ಯೂಟರಿನ ಆಜ್ಞೆಯಂತೆ ಅವು ಹೊರಳಿದಾಗ ಚುಕ್ಕೆ ಸೆಕೆಂಡಿಗೆ ಅರ್ಧ ಮೀಟರು ಓಡಿದರೂ, ಎರಡು ಮಿಡಿತಗಳ ನಡುವಿನ ಅಂತರ 25 ಮೈಕ್ರಾನ್ ಮಾತ್ರ. ಒಂದರ ಅರ್ಧದ ಮೇಲೆ ಇನ್ನೊಂದು ಕೂತು, ಚುಕ್ಕೆಗಳೆಲ್ಲ ಕೂಡಿ ಗೆರೆಯಾಗುತ್ತದೆ.

ಎಲ್ಲ ಗುರುತೂ ಕೊರೆದದ್ದೇ ಅಲ್ಲ. ಸ್ಟೀಲಿನ ಮೈಯನ್ನು ಕರಗದಷ್ಟೇ ಕಾಯಿಸಿದರೆ ಅದರ ಮೇಲೆ ಆಕ್ಸೈಡಿನ ತೆಳುಪೊರೆ ಬೆಳೆದು, ನೀರ ಮೇಲಿನ ಎಣ್ಣೆಯ ಹಾಗೆ ಬಣ್ಣ ತೋರುತ್ತದೆ. ಕೈಯಾಡಿಸಿದರೆ ಮೇಲ್ಮೈ ನುಣ್ಣಗೆಯೇ ಇರುತ್ತದೆ. ಆದರೆ ಕಾವು ಮಿತಿಮೀರಿದರೆ, ತುಕ್ಕಿನಿಂದ ಸ್ಟೀಲನ್ನು ಕಾಯುವ ಕ್ರೋಮಿಯಮ್ ಆ ಭಾಗದ ಮೈಯಲ್ಲಿ ಕಡಿಮೆಯಾಗಿ, ಬರೆದ ಹೆಸರೇ ತುಕ್ಕಿನ ದಾರಿಯಾದೀತು. ಕೆಲವು ಪ್ಲಾಸ್ಟಿಕ್ಕುಗಳು ಒಳಗೇ ನೊರೆಯೆದ್ದು ಬೆಳ್ಳಗಾಗುತ್ತವೆ. ಮರ, ಬಟ್ಟೆ, ತೊಗಲುಗಳಿಗೆ ಪಟೇಲರ ಲೇಸರೇ ಸರಿ, ಅದರ 10.6 ಮೈಕ್ರಾನ್ ಅಲೆಯನ್ನು ಅವು ಚೆನ್ನಾಗಿ ಹೀರುತ್ತವೆ, ಹೊಳೆಯುವ ಲೋಹವಾದರೋ ಅದನ್ನು ಹಿಂದಕ್ಕೆ ಅಟ್ಟಿಬಿಡುತ್ತದೆ.

ಹಳೆಯ ಯಂತ್ರಗಳಲ್ಲಿ ಹರಳಿಗೆ ಶಕ್ತಿಯೂಡಲು ಪ್ರಖರವಾದ ದೀಪಗಳು ಬೇಕಾಗಿದ್ದವು. ಕೆಲವು ನೂರು ಗಂಟೆಗಳಿಗೊಮ್ಮೆ ಅವುಗಳನ್ನು ಬದಲಾಯಿಸಬೇಕು, ತಂಪುಮಾಡಲು ನೀರನ್ನು ಹರಿಸಬೇಕು. ದೊಡ್ಡ ಕಾರ್ಖಾನೆಗಳಿಗಲ್ಲದೆ ಉಳಿದವರಿಗೆ ಅದು ಎಟುಕುವಂತಿರಲಿಲ್ಲ. ಹರಳಿನ ಬದಲು ಇಟ್ಟರ್ಬಿಯಮ್ ಬೆರೆಸಿದ ಗಾಜಿನ ಎಳೆಯನ್ನೂ, ದೀಪದ ಬದಲು ಅರೆವಾಹಕ ಡಯೋಡುಗಳನ್ನೂ ಬಳಸುವ ಫೈಬರ್ ಲೇಸರುಗಳು ಬಂದ ಮೇಲೆ ಈ ತೊಡಕುಗಳು ಕಳೆದವು. ಸಾಧಾರಣ ಮೇಜಿನ ಮೇಲೆ ಕೂತು, ಗೋಡೆಯ ಪ್ಲಗ್ಗಿನಿಂದ ವಿದ್ಯುತ್ತನ್ನು ಪಡೆದು, ಫ್ಯಾನಿನ ಗಾಳಿಗೆ ತಣ್ಣಗಾಗುವ ಯಂತ್ರವಿದು. ಎರಕದ ಕೆಲಸಕ್ಕೆ ಹೆಸರಾದ ಬೆಳಗಾವಿಯ ಉದ್ಯಮಬಾಗದಂಥ ಕಡೆ ಒಡೆದ ಭಾಗ ಯಾವ ದಿನದ ಎರಕದ್ದೆಂದು ಹಿಂದಕ್ಕೆ ಹೋಗಿ ಹುಡುಕಲು ಇಂಥ ಸಂಖ್ಯೆ ಎಷ್ಟು ನೆರವಾದೀತೆಂಬುದನ್ನು ಊಹಿಸಬಹುದು.

ಕಿತ್ತೂರಿನ ಮೇಲೆ ಹಾದು ಬೆಳಗಾವಿಗೆ ಹೋಗುವ ಹೆದ್ದಾರಿಯಲ್ಲೇ ಮುಂದುವರಿದರೆ ಹತ್ತರಗಿಯಲ್ಲಿ ವಿಮಾನದ ಭಾಗಗಳನ್ನು ತಯಾರಿಸುವ ಏಕಸ್ ಕಂಪನಿಯ ವಿಶೇಷ ಆರ್ಥಿಕ ವಲಯವಿದೆ. ವಿಮಾನದ ಕೆಲಸದಲ್ಲಿ ಪ್ರತಿ ಭಾಗದ ಹುಟ್ಟು ಬೆಳವಣಿಗೆಯ ಲೆಕ್ಕವಿರಬೇಕು. ಆದರೂ ಆ ಉದ್ಯಮವು ಲೇಸರನ್ನು ಕಣ್ಣುಮುಚ್ಚಿ ಒಪ್ಪುವುದಿಲ್ಲ. ಕರಗಿ ಹೆಪ್ಪುಗಟ್ಟಿದ ಆ ಕೆಲವೇ ಮೈಕ್ರಾನಿನ ಪದರದಲ್ಲಿ ಸೂಕ್ಷ್ಮ ಬಿರುಕುಗಳಿದ್ದರೆ, ಎಡೆಬಿಡದೆ ಎಳೆತಕ್ಕೆ ಸಿಕ್ಕುವ ಭಾಗಗಳಲ್ಲಿ ಅವು ಬೆಳೆಯಬಹುದು. ಆದುದರಿಂದ ಎಲ್ಲಿ, ಎಷ್ಟು ಆಳಕ್ಕೆ ಬರೆಯಬೇಕೆಂಬುದನ್ನು ವಿನ್ಯಾಸ ಮಾಡುವವರೇ ಗೊತ್ತುಪಡಿಸುತ್ತಾರೆ.

ಅಪಾಯದ ಮಾತು ಬಂದುದರಿಂದ ಇನ್ನೊಂದನ್ನು ಹೇಳಲೇಬೇಕು. ಫೈಬರ್ ಲೇಸರಿನ ಬೆಳಕು ಕಣ್ಣಿಗೆ ಕಾಣದು. ಕಾಣುವ ಬೆಳಕು ಕುಕ್ಕಿದರೆ ರೆಪ್ಪೆ ತಾನಾಗಿ ಮುಚ್ಚೀತು; ಇಲ್ಲಿ ರೆಪ್ಪೆಗೆ ಸುದ್ದಿಯೇ ಮುಟ್ಟದು. ಕಣ್ಣಿನ ಮಸೂರವು ಮಾತ್ರ ಅದನ್ನು ನಿಷ್ಠೆಯಿಂದ ಅಕ್ಷಿಪಟಲದ ಮೇಲೆ ಕೂಡಿಸುತ್ತದೆ. ಹೊಳೆಯುವ ಪಾತ್ರೆಯಿಂದ ತಿರುಗಿಬಂದ ಕಿರಣವೂ ನೋಟವನ್ನು ಶಾಶ್ವತವಾಗಿ ಸುಡಬಲ್ಲದು, ನೋವು ಕೂಡ ಆಗದೆ. ಯಂತ್ರ ಅಗ್ಗವಾದಂತೆ ಕವಚವಿಲ್ಲದ ಮಾದರಿಗಳು ಸಣ್ಣ ಊರುಗಳ ಅಂಗಡಿಗಳಿಗೂ ಬರುತ್ತಿವೆ. ಆ ತರಂಗಕ್ಕೆಂದೇ ಮಾಡಿದ ಕನ್ನಡಕವಿಲ್ಲದೆ ಅದರ ಮುಂದೆ ಕೂರಬಾರದು. ಗಿರಾಕಿಯ ಮಗುವನ್ನು ಬಗ್ಗಿ ನೋಡಗೊಡಬಾರದು. ಪಿವಿಸಿ ಪ್ಲಾಸ್ಟಿಕ್ಕನ್ನು ಸುಟ್ಟರೆ ಹೈಡ್ರೊಕ್ಲೋರಿಕ್ ಆಮ್ಲದ ಹೊಗೆಯೇಳುವುದೆಂಬುದನ್ನೂ ಮರೆಯಬಾರದು.

ಇನ್ನು ಬಂಗಾರ. ಹತ್ತಿಯ ಪೈರು ಕೈಗೆ ಬಂದು ಬೈಲಹೊಂಗಲದ ಮಾರುಕಟ್ಟೆಯಲ್ಲಿ ಮಾರಾಟವಾದರೆ, ಮನೆಯ ಲಗ್ನಕ್ಕೆ ಪಾಟಲಿಯೋ ಬೋರಮಾಳವೋ ಬರಬೇಕು. ಮುಂದಿನ ಬರಗಾಲದಲ್ಲಿ ಅಡವಿಡುವುದಕ್ಕೂ ಅದೇ ಒಡವೆ. ಅದರ ಶುದ್ಧಿ ಸುಳ್ಳಾದರೆ ಒಂದು ಸುಗ್ಗಿಯ ದುಡಿಮೆಯ ಒಂದು ಪಾಲೇ ಸುಳ್ಳಾದಂತೆ. ಹಿಂದೆ ಊರ ಪತ್ತಾರರ ಮಾತೇ ಆಧಾರವಾಗಿತ್ತು. ಭಾರತೀಯ ಮಾನಕ ಸಂಸ್ಥೆಯು 2000ದಲ್ಲಿ ಬಂಗಾರಕ್ಕೆ ಹಾಲ್‌ಮಾರ್ಕ್ ಮುದ್ರೆಯನ್ನು ತಂದಿತು. 2021ರ ಜೂನ್ 23ರಿಂದ ಗೊತ್ತಾದ ಜಿಲ್ಲೆಗಳಲ್ಲಿ ಅದನ್ನು ಕಡ್ಡಾಯ ಮಾಡಲಾಯಿತು. ಅದೇ ವರ್ಷದ ಜುಲೈ 1ರಿಂದ ಸಂಸ್ಥೆಯ ಲಾಂಛನ, ಶುದ್ಧಿಯ ಅಂಕಿ ಇವುಗಳ ಜೊತೆಗೆ ಪ್ರತಿ ಒಡವೆಗೂ ಆರು ಅಕ್ಷರ ಅಂಕಿಗಳ ಪ್ರತ್ಯೇಕ ಗುರುತನ್ನು ಸೇರಿಸಲಾಯಿತು. 2023ರ ಏಪ್ರಿಲ್ 1ರ ಅನಂತರ ಈ ಆರಕ್ಷರವಿಲ್ಲದ ಹಾಲ್‌ಮಾರ್ಕ್ ಒಡವೆಯನ್ನು ಅಂಗಡಿಯವರು ಮಾರುವಂತಿಲ್ಲ. ಇಪ್ಪತ್ತಾರು ಅಕ್ಷರ, ಹತ್ತು ಅಂಕಿಗಳನ್ನು ಆರು ಸ್ಥಾನಗಳಲ್ಲಿ ಹೇಗೆ ಬೇಕಾದರೂ ಇಡಬಹುದಾದರೆ 217 ಕೋಟಿಗೂ ಮಿಕ್ಕ ಹೆಸರುಗಳಾಗುತ್ತವೆ. ಪಂಚಿನಿಂದ ಇದು ಆಗುವ ಕೆಲಸವೆ? ಟೊಳ್ಳುಗುಂಡಿನ ತೆಳುತಗಡು ಏಟನ್ನೂ ತಾಳದು. ಲೇಸರಿಗೆ ಕೊಂಡಿಯ ಮೂಲೆಯಷ್ಟು ಜಾಗ ಸಾಕು.

ಬಂಗಾರವು ಈ ಬೆಳಕಿನ ನೂರರಲ್ಲಿ ತೊಂಬತ್ತೈದು ಪಾಲಿಗೂ ಹೆಚ್ಚನ್ನು ಹಿಂದಿರುಗಿಸುತ್ತದೆ. ಉಳಿದ ಅಲ್ಪಪಾಲೇ ಮಿಡಿತದ ಬಲದಿಂದ ಅದನ್ನು ಕರಗಿಸುತ್ತದೆ. ಒಂದು ಸೋಜಿಗವೆಂದರೆ, ಚೊಕ್ಕ ಬಂಗಾರ ಕರಗುವುದು 1064 ಡಿಗ್ರಿ ಸೆಲ್ಸಿಯಸ್ಸಿನಲ್ಲಿ. ಗುರುತು ಹಾಕುವ ಲೇಸರಿನ ಪ್ರಸಿದ್ಧ ಅಲೆಯುದ್ದವೂ 1064 ನ್ಯಾನೊಮೀಟರ್. ಇವೆರಡಕ್ಕೂ ಏನೂ ಸಂಬಂಧವಿಲ್ಲ. ನೆನಪಿಗೆ ಮಾತ್ರ ಅನುಕೂಲ.

ಆದರೆ ಲೇಸರು ಶುದ್ಧಿಯನ್ನು ಪರೀಕ್ಷಿಸುವುದಿಲ್ಲ; ಹೇಳಿದ್ದನ್ನು ಬರೆಯುತ್ತದೆ, ಅಷ್ಟೆ. ನಿಜವಾದ ಪರೀಕ್ಷೆ ಅದಕ್ಕೆ ಮೊದಲೇ, ಪತ್ತಾರನ ಕೈಯಲ್ಲಲ್ಲ, ಮಾನ್ಯತೆ ಪಡೆದ ಕೇಂದ್ರದಲ್ಲಿ ನಡೆದಿರಬೇಕು. ಅಲ್ಲಿ ಕ್ಷಕಿರಣಗಳಿಂದ ಒಡವೆಯ ಮೇಲ್ಮೈಯನ್ನು ನೋಡುತ್ತಾರೆ. ಬೆಂಕಿಯ ಪರೀಕ್ಷೆಗೆ ಚೂರನ್ನು ತೆಗೆದು, ಬೆಳ್ಳಿ ಸೀಸಗಳೊಡನೆ ಕುಲುಮೆಯಲ್ಲಿಟ್ಟು ತಾಮ್ರಾದಿಗಳನ್ನು ಹೋಗಲಾಡಿಸಿ, ನೈಟ್ರಿಕ್ ಆಮ್ಲದಿಂದ ಬೆಳ್ಳಿಯನ್ನು ಕಳೆದು, ಉಳಿದ ಬಂಗಾರವನ್ನು ತೂಗುತ್ತಾರೆ. ಇಪ್ಪತ್ತೆರಡು ಕ್ಯಾರಟ್ಟಾದರೆ ಸಾವಿರಕ್ಕೆ 916 ಭಾಗ ಸಿಕ್ಕಬೇಕು. ಇದನ್ನೆಲ್ಲ ಬಿಟ್ಟು, ಲೇಸರ್ ಯಂತ್ರವೊಂದನ್ನು ಕೊಂಡವನು ಯಾವ ತಗಡಿನ ಮೇಲಾದರೂ 916 ಎಂದು ಬರೆಯಬಲ್ಲನು. ಆದ್ದರಿಂದ ಆರಕ್ಷರದ ಬೆಲೆ ಇರುವುದು ಒಡವೆಯ ಮೇಲಲ್ಲ, ಸಂಸ್ಥೆಯ ದಾಖಲೆಯಲ್ಲಿ. ಬಿಐಎಸ್ ಕೇರ್ ಎಂಬ ಮೊಬೈಲು ತಂತ್ರಾಂಶದಲ್ಲಿ ಅದನ್ನು ಬರೆದರೆ ಅಂಗಡಿಯ ನೋಂದಣಿ, ಪರೀಕ್ಷೆ ಮಾಡಿದ ಕೇಂದ್ರ, ಶುದ್ಧಿ, ಒಡವೆಯ ಬಗೆ ಇವು ಕಾಣುತ್ತವೆ. ದಾಖಲೆ ಉಂಗುರವೆಂದು ಹೇಳಿ ಕೈಯಲ್ಲಿ ಬಳೆಯಿದ್ದರೆ, ಕೊಳ್ಳುವವರು ಅಲ್ಲಿಯೇ ನಿಲ್ಲಬೇಕು. ಭೂತಗಾಜಿನಿಂದ ಅಕ್ಷರ ಓದಿ ತೃಪ್ತರಾಗುವವರೇ ಹೆಚ್ಚೆಂಬುದು ನಮ್ಮ ಅನುಮಾನ.

ಎರಡು ಗ್ರಾಮಿಗಿಂತ ಹಗುರವಾದ ಒಡವೆಗಳಿಗೂ, ವರ್ಷಕ್ಕೆ 40 ಲಕ್ಷ ರೂಪಾಯಿ ದಾಟದ ವಹಿವಾಟಿನ ಅಂಗಡಿಗಳಿಗೂ 2021ರ ಆಜ್ಞೆ ವಿನಾಯಿತಿಯಿತ್ತಿತು. ಊರಿನ ಸಣ್ಣ ಪತ್ತಾರರಿಗೆ ಇದು ಉಸಿರು. ಅವರ ಗಿರಾಕಿಗಳಿಗಾದರೋ ಹಿಂದಿನಂತೆ ಮಾತೇ ಆಧಾರ. ಅಜ್ಜಿಯ ಕಾಲದ ಮುದ್ರೆಯಿಲ್ಲದ ಒಡವೆಯನ್ನು ಶುಲ್ಕ ತೆತ್ತು ಕೇಂದ್ರದಲ್ಲಿ ಪರೀಕ್ಷೆ ಮಾಡಿಸಿ ವರದಿ ಪಡೆಯಬಹುದು. ಅದಕ್ಕೆ, ಸಾಧ್ಯವಾದರೆ ಇದ್ದಂತೆಯೇ, ಇಲ್ಲವಾದರೆ ಕರಗಿಸಿ ಹೊಸದನ್ನು ಮಾಡಿಸಿ, ಹಾಲ್‌ಮಾರ್ಕ್ ಹಾಕಿಸಿದಾಗ ಅದರ ಮೈಮೇಲೂ ಆರು ಅಕ್ಷರಗಳು ಬೀಳುವುವು.